ಪುಟದಿಂದ ಪರದೆಗೆ: ಶಂಕರ್‌ನಾಗ್ ಅವರ ಕಿರುತೆರೆ ಕೃಷಿ ಮತ್ತು ಮಾಲ್ಗುಡಿಯ ಸ್ಥಳಾಂತರ

1. ಪ್ರವೇಶ

ಕನ್ನಡದಲ್ಲಿ ಸಾಹಿತ್ಯಕೃತಿ ಮತ್ತು ದೃಶ್ಯಮಾಧ್ಯಮಗಳ ಸಂಬಂಧವನ್ನು ಕುರಿತ ವಿಮರ್ಶೆ ಬಹುಮಟ್ಟಿಗೆ ಚಲನಚಿತ್ರಕ್ಕೆ ಸೀಮಿತವಾಗಿದೆ. ‘ಸಂಸ್ಕಾರ’ (1970), ‘ಚೋಮನ ದುಡಿ’ (1975), ‘ಘಟಶ್ರಾದ್ಧ’ (1977) ಮೊದಲಾದ ಚಿತ್ರಗಳನ್ನು ಅವುಗಳ ಮೂಲಕೃತಿಗಳೊಂದಿಗೆ ಹೋಲಿಸಿ ನೋಡುವ ಕ್ರಮ ಪಠ್ಯಕ್ರಮದೊಳಗೂ ಸಂಶೋಧನೆಯೊಳಗೂ ನೆಲೆಗೊಂಡಿದೆ. ಆದರೆ ಚಿತ್ರಮಂದಿರಕ್ಕಿಂತ ಹೆಚ್ಚು ಮನೆಗಳನ್ನು ಪ್ರವೇಶಿಸಿದ ದೂರದರ್ಶನಕ್ಕೆ ಈ ಮನ್ನಣೆ ದೊರೆತಿಲ್ಲ. ಕಿರುತೆರೆಯ ಕೃತಿಯನ್ನು ‘ಮನರಂಜನೆ’ ಎಂಬ ಒಂದೇ ಪದದಲ್ಲಿ ಅಡಗಿಸಿ ಬದಿಗಿಡುವುದು ರೂಢಿಯಾಗಿದೆ. ಮನರಂಜನೆಯೆಂಬುದು ಮೌಲ್ಯಮಾಪನಕ್ಕೆ ಅರ್ಹವಲ್ಲದ ವಸ್ತು ಎಂಬ ಗ್ರಹಿಕೆ ಇದರ ಹಿಂದಿದೆ. ಯಕ್ಷಗಾನ, ಕಂಪನಿ ನಾಟಕ, ಹರಿಕಥೆಗಳನ್ನು ಗಂಭೀರ ಅಧ್ಯಯನಕ್ಕೆ ಒಳಪಡಿಸಿದ ವಿದ್ವತ್ ಪರಂಪರೆಯೇ ಈ ಗ್ರಹಿಕೆಗೆ ಪಕ್ಕಾಗಿರುವುದು ವಿಚಿತ್ರವಾದರೂ ನಿಜ.

ಈ ಹಿನ್ನೆಲೆಯಲ್ಲಿ ಶಂಕರ್‌ನಾಗ್ (1954-1990) ಅವರ ಕಿರುತೆರೆಯ ಕೃಷಿಯನ್ನು, ಮುಖ್ಯವಾಗಿ 1986-87ರಲ್ಲಿ ದೂರದರ್ಶನದ ರಾಷ್ಟ್ರೀಯ ಜಾಲದಲ್ಲಿ ಪ್ರಸಾರವಾದ ‘ಮಾಲ್ಗುಡಿ ಡೇಸ್’ ಸರಣಿಯನ್ನು, ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಮೂರು ಪ್ರಶ್ನೆಗಳು ಇಲ್ಲಿ ಮುಖ್ಯವಾಗಿವೆ. ಸಣ್ಣಕಥೆಯೊಂದು ಅರ್ಧಗಂಟೆಯ ಪ್ರಸಾರದ ಅವಧಿಗೆ ಹೊಂದಿಕೊಳ್ಳುವಾಗ ಏನನ್ನು ಉಳಿಸಿಕೊಳ್ಳುತ್ತದೆ, ಏನನ್ನು ಬಿಟ್ಟುಕೊಡುತ್ತದೆ? ಭೂಪಟದಲ್ಲಿಲ್ಲದ ಊರೊಂದು ನಿಶ್ಚಿತವಾದ ನೆಲಕ್ಕೆ ಇಳಿದಾಗ ಅದರ ಅರ್ಥ ಹೇಗೆ ಬದಲಾಗುತ್ತದೆ? ಕನ್ನಡದ ನೆಲ, ಕನ್ನಡದ ಕಲಾವಿದರು, ಕನ್ನಡದ ತಂತ್ರಜ್ಞರು ಕೂಡಿ ರೂಪಿಸಿದ ಕೃತಿಯೊಂದು ಕನ್ನಡವಲ್ಲದ ಭಾಷೆಯಲ್ಲಿ ಮಾತನಾಡಿದಾಗ ಅದನ್ನು ಕನ್ನಡ ಸಂಸ್ಕೃತಿಯ ಚರಿತ್ರೆಯಲ್ಲಿ ಎಲ್ಲಿ ಇರಿಸಬೇಕು? ಮೂರನೆಯ ಪ್ರಶ್ನೆಗೆ ಉತ್ತರ ಸುಲಭವಲ್ಲ. ಆದರೆ ಅದನ್ನು ಎದುರಿಸದೆ ಈ ಸರಣಿಯ ಅಧ್ಯಯನ ಪೂರ್ಣವಾಗದು.

2. ರಂಗಭೂಮಿಯಿಂದ ಕಿರುತೆರೆಗೆ

ಶಂಕರ್‌ನಾಗ್ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡ ಜಿಲ್ಲೆಯ ಹೊನ್ನಾವರದ ಪರಿಸರದಲ್ಲಿ. ಅವರ ಕಲಾಜೀವನ ಆರಂಭವಾದದ್ದು ಮುಂಬಯಿಯ ಮರಾಠಿ ರಂಗಭೂಮಿಯಲ್ಲಿ. ಅಣ್ಣ ಅನಂತನಾಗ್ ಅವರೂ ಅದೇ ನಗರದ ರಂಗಪರಿಸರದಲ್ಲಿ ಬೆಳೆದವರು. 1979ರ ಮರಾಠಿ ಚಿತ್ರ ‘22 ಜೂನ್ 1897’ರ ಬರವಣಿಗೆಯಲ್ಲಿ ಶಂಕರ್ ಅವರ ಪಾಲಿತ್ತು. ಅಷ್ಟರಲ್ಲೇ ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ (1978) ಅವರನ್ನು ಕನ್ನಡಕ್ಕೆ ಕರೆತಂದಿತ್ತು. ಆ ಚಿತ್ರದ ಅಭಿನಯಕ್ಕೆ ಭಾರತದ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಅತ್ಯುತ್ತಮ ನಟನೆಂಬ ಪುರಸ್ಕಾರ ದೊರೆಯಿತು.

ಮುಂದಿನ ಹನ್ನೆರಡು ವರ್ಷಗಳಲ್ಲಿ ಅವರು ಎರಡು ಬೇರೆ ಬೇರೆ ಪ್ರೇಕ್ಷಕವರ್ಗಗಳ ನಡುವೆ ಏಕಕಾಲದಲ್ಲಿ ಓಡಾಡಿದರು. ‘ಆಟೋ ರಾಜ’ (1980)ದಂತಹ ಚಿತ್ರಗಳು ಅವರನ್ನು ಜನಪ್ರಿಯ ನಾಯಕನಟನನ್ನಾಗಿಸಿದವು. ‘ಮಿಂಚಿನ ಓಟ’ (1980), ‘ಗೀತಾ’ (1981), ‘ಆಕ್ಸಿಡೆಂಟ್’ (1985), ‘ಒಂದು ಮುತ್ತಿನ ಕಥೆ’ (1987) ಅವರ ನಿರ್ದೇಶನದ ವೈವಿಧ್ಯವನ್ನು ತೋರುತ್ತವೆ. ಇದರ ಜೊತೆಗೇ ‘ಸಂಕೇತ್’ ತಂಡದ ಮೂಲಕ ರಂಗಭೂಮಿಯ ನಂಟನ್ನು ಅವರು ಉಳಿಸಿಕೊಂಡರು. ಅದೇ ಹೆಸರಿನಲ್ಲಿ ಬೆಂಗಳೂರಿನಲ್ಲಿ ಧ್ವನಿಮುದ್ರಣ ಸ್ಟುಡಿಯೋ ಸ್ಥಾಪಿಸಿದರು. ತಾಂತ್ರಿಕ ಕೆಲಸಗಳಿಗಾಗಿ ಮದರಾಸನ್ನೇ ಅವಲಂಬಿಸಿದ್ದ ಕನ್ನಡ ಚಿತ್ರೋದ್ಯಮಕ್ಕೆ ಇದು ಸಣ್ಣ ಸಂಗತಿಯಾಗಿರಲಿಲ್ಲ.

ಈ ವಿವರಗಳು ಜೀವನಚರಿತ್ರೆಯ ಅಲಂಕಾರಗಳಲ್ಲ. ಹವ್ಯಾಸಿ ರಂಗಭೂಮಿಯ ಸಾಮೂಹಿಕ ದುಡಿಮೆ, ಜನಪ್ರಿಯ ಸಿನಿಮಾದಿಂದ ಬಂದ ಪ್ರೇಕ್ಷಕಪ್ರಜ್ಞೆ, ತಂತ್ರಜ್ಞಾನದ ಮೇಲಿನ ಹಿಡಿತ ಎಂಬ ಮೂರು ಗುಣಗಳು ಕೂಡಿದ್ದರಿಂದಲೇ ಕಡಿಮೆ ಅವಧಿಯಲ್ಲಿ, ಸೀಮಿತ ಹಣದಲ್ಲಿ, ಕಂತು ಕಂತಾಗಿ ಕಥೆಗಳನ್ನು ಸಿದ್ಧಪಡಿಸಬೇಕಾದ ದೂರದರ್ಶನದ ಕೆಲಸ ಅವರಿಗೆ ಒಗ್ಗಿತು. ಸಿನಿಮಾದ ವೈಭವಕ್ಕೆ ಮಾತ್ರ ಒಗ್ಗಿಕೊಂಡ ನಿರ್ದೇಶಕನಿಗೆ ಕಿರುತೆರೆ ಇಕ್ಕಟ್ಟಾಗಿ ಕಾಣುತ್ತಿತ್ತು. ಬರಿಯ ವೇದಿಕೆಯ ಮೇಲೆ ಲೋಕವೊಂದನ್ನು ಕಟ್ಟಿ ಅಭ್ಯಾಸವಿದ್ದವನಿಗೆ ಅದು ಹಾಗೆ ಕಾಣಬೇಕಾಗಿರಲಿಲ್ಲ.

3. ದೂರದರ್ಶನ: ವ್ಯವಸ್ಥೆ ಮತ್ತು ಅವಕಾಶ

1959ರ ಸೆಪ್ಟೆಂಬರ್ 15ರಂದು ದೆಹಲಿಯಲ್ಲಿ ಪ್ರಾಯೋಗಿಕವಾಗಿ ಆರಂಭವಾದ ಭಾರತದ ದೂರದರ್ಶನ ಮೊದಲ ಎರಡು ದಶಕಗಳಲ್ಲಿ ಶಿಕ್ಷಣ ಮತ್ತು ಅಭಿವೃದ್ಧಿಯನ್ನೇ ತನ್ನ ಗುರಿಯೆಂದು ಭಾವಿಸಿತ್ತು. 1975-76ರ ಉಪಗ್ರಹ ಬೋಧನಾ ಪ್ರಯೋಗದಲ್ಲಿ ಕರ್ನಾಟಕದ ರಾಯಚೂರು, ಗುಲ್ಬರ್ಗಾ, ಬಿಜಾಪುರ ಜಿಲ್ಲೆಗಳ ಹಳ್ಳಿಗಳೂ ಸೇರಿದ್ದವು. ಅಂದರೆ ಈ ನಾಡಿನ ಗ್ರಾಮೀಣರಿಗೆ ದೂರದರ್ಶನ ಮೊದಲು ಪರಿಚಯವಾದದ್ದು ಮನರಂಜನೆಯ ಪೆಟ್ಟಿಗೆಯಾಗಿ ಅಲ್ಲ. ಕೃಷಿ, ಆರೋಗ್ಯ, ಕುಟುಂಬ ಯೋಜನೆಗಳ ಪಾಠಶಾಲೆಯಾಗಿ. ಬೆಂಗಳೂರು ಕೇಂದ್ರ ಕಾರ್ಯಾರಂಭ ಮಾಡಿದ್ದು 1981ರ ನವೆಂಬರ್ 1ರಂದು.

1982 ಒಂದು ತಿರುವು. ಆ ವರ್ಷ ರಾಷ್ಟ್ರೀಯ ಕಾರ್ಯಕ್ರಮ ಮತ್ತು ವರ್ಣಪ್ರಸಾರಗಳು ಆರಂಭವಾದವು. ದೆಹಲಿಯ ಏಷ್ಯನ್ ಕ್ರೀಡಾಕೂಟ ಅದಕ್ಕೆ ನೆಪವಾಯಿತು. 1984ರ ಜುಲೈ 7ರಂದು ‘ಹಮ್ ಲೋಗ್’ ಆರಂಭವಾದಾಗ ಪ್ರಾಯೋಜಿತ ಧಾರಾವಾಹಿಯೆಂಬ ಹೊಸ ವ್ಯವಸ್ಥೆ ರೂಪುಗೊಂಡಿತು. ಖಾಸಗಿ ನಿರ್ಮಾಪಕನು ಕಾರ್ಯಕ್ರಮವನ್ನು ತಯಾರಿಸುತ್ತಾನೆ. ಜಾಹೀರಾತುದಾರ ಸಂಸ್ಥೆ ಅದರ ವೆಚ್ಚಕ್ಕೆ ಆಧಾರವಾಗುತ್ತದೆ. ಅನುಮೋದನೆ ಮತ್ತು ಪ್ರಸಾರ ಸರ್ಕಾರಿ ಸಂಸ್ಥೆಯ ಕೈಯಲ್ಲಿರುತ್ತದೆ. ಹದಿಮೂರು ಕಂತುಗಳ ಗುಚ್ಛ ಈ ವ್ಯವಸ್ಥೆಯ ಸಾಮಾನ್ಯ ಅಳತೆಯಾಗಿತ್ತು. ಮೂರು ತಿಂಗಳ ವಾರಗಳಿಗೆ ಸರಿಹೊಂದುವ ಈ ಲೆಕ್ಕವೇ ಕಥನದ ರೂಪವನ್ನೂ ನಿಯಂತ್ರಿಸಿತು.

ಈ ವ್ಯವಸ್ಥೆಯಲ್ಲಿ ಒಂದು ಮಾತು ಮುಖ್ಯ. ಜಾಹೀರಾತುದಾರನಿಗೆ ಬೇಕಾದದ್ದು ದೇಶವ್ಯಾಪಿ ಪ್ರೇಕ್ಷಕ. ಆ ಪ್ರೇಕ್ಷಕ ದೊರೆಯುತ್ತಿದ್ದುದು ರಾಷ್ಟ್ರೀಯ ಜಾಲದಲ್ಲಿ. ಆ ಜಾಲದ ಭಾಷೆ ಹಿಂದಿ ಮತ್ತು ಇಂಗ್ಲಿಷ್. ಕನ್ನಡದ ಖಾಸಗಿ ವಾಹಿನಿಗಳು ಇನ್ನೂ ಹುಟ್ಟಿರಲಿಲ್ಲ. ಉದಯ ಟಿವಿ ಬಂದದ್ದು 1994ರಲ್ಲಿ. ಹೀಗಾಗಿ 1980ರ ದಶಕದ ನಡುವಿನಲ್ಲಿ ದೊಡ್ಡ ಪ್ರಮಾಣದ ಕಿರುತೆರೆ ಕೃತಿಯೊಂದನ್ನು ನಿರ್ಮಿಸಬಯಸುವ ಕನ್ನಡಿಗನ ಮುಂದೆ ಭಾಷೆಯ ಆಯ್ಕೆ ವಾಸ್ತವವಾಗಿ ಆಯ್ಕೆಯಾಗಿರಲಿಲ್ಲ. ಈ ಅಂಶವನ್ನು ಮರೆತು ‘ಮಾಲ್ಗುಡಿ ಡೇಸ್’ ಕನ್ನಡದಲ್ಲಿ ಏಕೆ ಬರಲಿಲ್ಲವೆಂದು ಕೇಳುವುದು ಚರಿತ್ರೆಗೆ ದೂರವಾದ ಪ್ರಶ್ನೆಯಾಗುತ್ತದೆ.

4. ಸರಣಿಯ ನಿರ್ಮಾಣ

ಸರಣಿಯ ನಿರ್ಮಾಪಕರು ಟಿ.ಎಸ್. ನರಸಿಂಹನ್, ನಿರ್ದೇಶಕರು ಶಂಕರ್‌ನಾಗ್. ಎಸ್. ರಾಮಚಂದ್ರ ಅವರ ಛಾಯಾಗ್ರಹಣ, ಎಲ್. ವೈದ್ಯನಾಥನ್ ಅವರ ಸಂಗೀತ, ಜಾನ್ ದೇವರಾಜ್ ಅವರ ಕಲಾನಿರ್ದೇಶನ, ಆರ್.ಕೆ. ಲಕ್ಷ್ಮಣ್ ಅವರ ರೇಖಾಚಿತ್ರಗಳು ಇದರ ಅಂಗಗಳು. ಗಿರೀಶ ಕಾರ್ನಾಡ, ಅನಂತನಾಗ್, ವಿಷ್ಣುವರ್ಧನ್, ವೈಶಾಲಿ ಕಾಸರವಳ್ಳಿ, ಅರುಂಧತಿ ನಾಗ್, ರಮೇಶ್ ಭಟ್ ಮೊದಲಾದವರು ಅಭಿನಯಿಸಿದರು. ಸ್ವಾಮಿಯ ಪಾತ್ರದಲ್ಲಿ ಬಾಲನಟ ಮಂಜುನಾಥ್ ಕಾಣಿಸಿಕೊಂಡರು. ಮೊದಲ ಹದಿಮೂರು ಕಂತುಗಳು ಇಂಗ್ಲಿಷಿನಲ್ಲಿಯೂ, ಎಲ್ಲ ಕಂತುಗಳು ಹಿಂದಿಯಲ್ಲಿಯೂ ಸಿದ್ಧವಾದವು. ಶಂಕರ್‌ನಾಗ್ ಅವರ ನಿರ್ದೇಶನದಲ್ಲಿ ಬಂದವು ಮೂವತ್ತೊಂಬತ್ತು ಕಂತುಗಳು. ಬಹುಕಾಲದ ನಂತರ, 2004-06ರ ಅವಧಿಯಲ್ಲಿ, ಕವಿತಾ ಲಂಕೇಶ್ ಅವರ ನಿರ್ದೇಶನದಲ್ಲಿ ಇನ್ನೂ ಹದಿನೈದು ಕಂತುಗಳು ಸೇರಿದವು.

ಈ ಪಟ್ಟಿಯಿಂದ ಕಿರುತೆರೆಯಲ್ಲಿ ಕರ್ತೃತ್ವವೆಂಬುದು ಹಂಚಿಹೋಗುವ ಬಗೆ ತಿಳಿಯುತ್ತದೆ. ಹಣ ಹೂಡಿ ಹೊಣೆ ಹೊತ್ತವನು ಒಬ್ಬ, ಕಥೆ ಇನ್ನೊಬ್ಬನದು, ದೃಶ್ಯಕಲ್ಪನೆ ಮತ್ತೊಬ್ಬನದು. ‘ನಿರ್ಮಾಪಕ’ ಎಂಬ ಪದವನ್ನು ಬಂಡವಾಳಗಾರನೆಂಬ ಸಂಕುಚಿತ ಅರ್ಥದಲ್ಲಿ ತೆಗೆದುಕೊಂಡರೆ ಅದು ನರಸಿಂಹನ್ ಅವರಿಗೆ ಮಾತ್ರ ಸಲ್ಲುತ್ತದೆ. ಚದುರಿದ ಕಥೆಗಳಿಂದ ಒಂದು ಅಖಂಡ ಲೋಕವನ್ನು ನಿರ್ಮಿಸಿದವನೆಂಬ ವಿಶಾಲಾರ್ಥದಲ್ಲಿ ಶಂಕರ್‌ನಾಗ್ ಅವರಿಗೂ ಅದು ಸಲ್ಲಬೇಕು. ಕಲಾವಿದರ ಆಯ್ಕೆ, ಸ್ಥಳದ ಆಯ್ಕೆ, ಕಥೆಗಳ ಜೋಡಣೆಗಳ ಮೂಲಕ ರೂಪುಗೊಳ್ಳುವ ಈ ಎರಡನೆಯ ಬಗೆಯ ನಿರ್ಮಾಣವೇ ಇಲ್ಲಿ ಚರ್ಚೆಯ ವಿಷಯ.

‘ಧಾರಾವಾಹಿ’ ಎಂಬ ಹೆಸರು ಈ ಕೃತಿಗೆ ಪೂರ್ಣವಾಗಿ ಒಪ್ಪುವುದಿಲ್ಲವೆಂಬುದೂ ಗಮನಾರ್ಹ. ‘ಹಮ್ ಲೋಗ್’ನಲ್ಲಿ ಒಂದು ಕುಟುಂಬದ ಬಾಳು ಕಂತಿನಿಂದ ಕಂತಿಗೆ ಹರಿಯುತ್ತದೆ. 1987ರ ಜನವರಿಯಲ್ಲಿ ಆರಂಭವಾದ ‘ರಾಮಾಯಣ’ದಲ್ಲಿ ಎಲ್ಲರಿಗೂ ತಿಳಿದ ಪುರಾಣಕಥೆಯೇ ಧಾರೆಯಾಗುತ್ತದೆ. ‘ಮಾಲ್ಗುಡಿ ಡೇಸ್’ನಲ್ಲಿ ಹಲವು ಕಂತುಗಳು ಒಂದೊಂದು ಬಿಡಿಕಥೆಯನ್ನು ಹೇಳಿ ಮುಗಿಸುತ್ತವೆ, ಇಂದಿನ ನಾಯಕ ಮುಂದಿನ ವಾರ ಬರುವುದಿಲ್ಲ. ‘ಸ್ವಾಮಿ ಮತ್ತು ಗೆಳೆಯರು’, ‘ಮಿಠಾಯಿ ಮಾರುವವನು’ ಎಂಬ ಕಾದಂಬರಿಗಳ ಭಾಗಗಳು ಮಾತ್ರ ಇದಕ್ಕೆ ಹೊರತು. ಹಾಗಾದರೆ ಪ್ರೇಕ್ಷಕನನ್ನು ವಾರವಾರವೂ ಮರಳಿ ಕರೆತಂದದ್ದು ಯಾವುದು? ಪಾತ್ರವಲ್ಲ, ಘಟನೆಯ ಕುತೂಹಲವಲ್ಲ, ಊರು. ಬದಲಾಗದ ರಾಗ, ಬದಲಾಗದ ರೇಖಾಚಿತ್ರ, ಬದಲಾಗದ ಬೀದಿಗಳಿಂದ ಊರೇ ಇಲ್ಲಿ ಧಾರೆಯಾಗುತ್ತದೆ. ಕಥಾನಾಯಕನ ಸ್ಥಾನದಲ್ಲಿ ಸ್ಥಳವನ್ನು ಕೂರಿಸಿದ್ದೇ ಈ ಸರಣಿಯ ರಾಚನಿಕ ವೈಶಿಷ್ಟ್ಯ.

5. ಮಾಲ್ಗುಡಿ: ಬಯಲಿನಿಂದ ಮಲೆನಾಡಿಗೆ

ಆರ್.ಕೆ. ನಾರಾಯಣ್ (1906-2001) ಹುಟ್ಟಿದ್ದು ಮದರಾಸಿನಲ್ಲಿ. ಬದುಕಿನ ಬಹುಭಾಗವನ್ನು ಕಳೆದದ್ದು ಮೈಸೂರಿನಲ್ಲಿ. 1935ರಲ್ಲಿ ಪ್ರಕಟವಾದ ‘ಸ್ವಾಮಿ ಅಂಡ್ ಫ್ರೆಂಡ್ಸ್’ ಕಾದಂಬರಿಯೊಂದಿಗೆ ಮಾಲ್ಗುಡಿ ಓದುಗರಿಗೆ ಪರಿಚಯವಾಯಿತು. ಸರಯೂ ನದಿ, ಮೆಂಪಿ ಬೆಟ್ಟ, ಲಾಲಿ ಬಡಾವಣೆ, ಕಬೀರ್ ಬೀದಿ, ಆಲ್ಬರ್ಟ್ ಮಿಷನ್ ಶಾಲೆ ಎಂದು ಕೃತಿಯಿಂದ ಕೃತಿಗೆ ಅದರ ವಿವರಗಳು ಬೆಳೆದವು. ಇದು ಮೈಸೂರೇ ಎಂದವರುಂಟು, ಅಲ್ಲವೆಂದವರುಂಟು. ಕೃತಿಯೊಳಗಿನ ಸಾಕ್ಷ್ಯವನ್ನು ನೋಡಿದರೆ ಮಾಲ್ಗುಡಿಯ ದೊಡ್ಡ ಪಟ್ಟಣ ಮದರಾಸು; ಅದರ ಆಡಳಿತ ಬ್ರಿಟಿಷರದು. ಜನರ ಹೆಸರು, ಊಟ, ಮರ್ಯಾದೆಗಳಲ್ಲಿ ತಮಿಳು ಮನೆತನಗಳ ಛಾಯೆ ಇದೆ. ಆದರೆ ಅದರ ಸಾವಧಾನದ ಗತಿಗೆ, ಸಂಜೆಯ ನಡಿಗೆಗೆ, ಮಾತುಗಾರಿಕೆಗೆ ಹಳೆಯ ಮೈಸೂರಿನ ಛಾಯೆ ಇದೆ. ಎರಡು ನೆಲಗಳ ಅನುಭವ ಬೆರೆತ ಈ ಊರಿನಲ್ಲಿ ಮೆಂಪಿಯ ಕಾಡು ದೂರದ ಅಂಚು ಮಾತ್ರ, ಊರು ಬಯಲಿನದು.

ಶಂಕರ್‌ನಾಗ್ ಈ ಊರನ್ನು ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಗೆ ತಂದರು. ಪಶ್ಚಿಮಘಟ್ಟದ ಅಂಚಿನಲ್ಲಿರುವ, ಭಾರೀ ಮಳೆಗೆ ಹೆಸರಾದ ಊರು ಅದು. ಹೆಂಚಿನ ಮಾಡು, ಮರದ ಕಂಬ, ಒಳಾಂಗಣ, ಜಗಲಿಗಳ ಮನೆಗಳು ಅಲ್ಲಿವೆ. ಆಗುಂಬೆಯ ದೊಡ್ಡಮನೆ ಸ್ವಾಮಿಯ ಮನೆಯಾಯಿತು. ಶಿವಮೊಗ್ಗ-ತಾಳಗುಪ್ಪ ಮಾರ್ಗದ ಅರಸಾಳು ನಿಲ್ದಾಣ ಮಾಲ್ಗುಡಿಯ ರೈಲುನಿಲ್ದಾಣವಾಯಿತು. ಇದು ಕೇವಲ ಚಿತ್ರೀಕರಣದ ಅನುಕೂಲವಲ್ಲ. ಒಂದು ಬಗೆಯ ಅನುವಾದ. ಬಯಲುಸೀಮೆಯ ಪಟ್ಟಣದ ಬಿಸಿಲು ಮತ್ತು ಧೂಳಿನ ಬದಲಿಗೆ ಹಸುರು ಮತ್ತು ತೇವ ಬಂದವು. ನಾರಾಯಣ್ ಅವರ ಕಥೆಗಳಲ್ಲಿ ಮಾರುಕಟ್ಟೆ, ಕೋರ್ಟು, ಬ್ಯಾಂಕು, ಮುದ್ರಣಾಲಯಗಳ ಸುತ್ತ ಗಿಜಿಗುಡುವ ಮಾಲ್ಗುಡಿ ಪರದೆಯ ಮೇಲೆ ಹೆಚ್ಚು ಮೌನದ, ಹೆಚ್ಚು ಗ್ರಾಮೀಣವಾದ ಊರಾಯಿತು.

ಈ ಸ್ಥಳಾಂತರದ ಮಹತ್ವ ಹೋಲಿಕೆಯಿಂದ ಸ್ಪಷ್ಟವಾಗುತ್ತದೆ. 1965ರ ಹಿಂದಿ ಚಿತ್ರ ‘ಗೈಡ್’ ಮಾಲ್ಗುಡಿಯನ್ನು ಬಿಟ್ಟು ರಾಜಸ್ಥಾನದ ಅರಮನೆ, ಸರೋವರಗಳ ಕಡೆಗೆ ಹೋಯಿತು. ಕಾದಂಬರಿಕಾರರು ಅದರಿಂದ ಎಷ್ಟು ಬೇಸತ್ತರೆಂಬುದಕ್ಕೆ ಆ ಚಿತ್ರವನ್ನು ಕುರಿತು ಅವರೇ ಬರೆದ ವ್ಯಂಗ್ಯ ಪ್ರಬಂಧ ಸಾಕ್ಷಿ. 1983ರಲ್ಲಿ ಟಿ.ಎಸ್. ನಾಗಾಭರಣ ಅವರು ‘ದಿ ಫೈನಾನ್ಶಿಯಲ್ ಎಕ್ಸ್‌ಪರ್ಟ್’ ಕಾದಂಬರಿಯನ್ನು ‘ಬ್ಯಾಂಕರ್ ಮಾರ್ಗಯ್ಯ’ ಎಂಬ ಹೆಸರಿನಲ್ಲಿ ಕನ್ನಡಕ್ಕೆ ತಂದಾಗ ಲೋಕೇಶ್ ಅವರ ಅಭಿನಯದಲ್ಲಿ ಮಾರ್ಗಯ್ಯ ಕನ್ನಡದ ಮನುಷ್ಯನಾದ. ‘ಮಾಲ್ಗುಡಿ ಡೇಸ್’ ಈ ಎರಡರ ನಡುವಿನ ದಾರಿ ಹಿಡಿಯಿತು. ‘ಗೈಡ್’ನಂತೆ ಭಾಷೆ ಹಿಂದಿಯಾಯಿತು, ‘ಮಾರ್ಗಯ್ಯ’ನಂತೆ ನೆಲ ಕರ್ನಾಟಕದ್ದಾಗಿ ಉಳಿಯಿತು. ಆಗುಂಬೆ ಮೂಲದ ಮಾಲ್ಗುಡಿಗಿಂತ ಭಿನ್ನವಾದರೂ ಕಥೆಗಳ ಅಳತೆಗೆ ಮೀರಿದ್ದಲ್ಲ. ಅದರಲ್ಲಿ ಪ್ರವಾಸಿಗನ ಕಣ್ಣನ್ನು ತಣಿಸುವ ವೈಭವವಿಲ್ಲ. ಜನ ಬಾಳಿದ ಗುರುತುಗಳಿವೆ.

6. ಕಥೆಯಿಂದ ಕಂತಿಗೆ

ನಾರಾಯಣ್ ಅವರ ಸಣ್ಣಕಥೆಗಳ ಶಕ್ತಿ ನಿರೂಪಕನ ಧ್ವನಿಯಲ್ಲಿದೆ. ಪಾತ್ರವನ್ನು ಪ್ರೀತಿಯಿಂದ ನೋಡುತ್ತಲೇ ಅದರಿಂದ ಒಂದು ಹೆಜ್ಜೆ ದೂರ ನಿಲ್ಲುವ ಆ ಧ್ವನಿಯನ್ನು ಕ್ಯಾಮೆರಾಕ್ಕೆ ನೇರವಾಗಿ ವರ್ಗಾಯಿಸಲು ಬರುವುದಿಲ್ಲ. ‘ಸ್ವಾಮಿ ಅಂಡ್ ಫ್ರೆಂಡ್ಸ್’ನಲ್ಲಿ ತಂದೆ ಮಗನಿಗೆ ಮಾವಿನಹಣ್ಣಿನ ಬೆಲೆಯ ಲೆಕ್ಕ ಕೊಡುವ ಪ್ರಸಂಗವನ್ನು ನೋಡಬಹುದು. ಹುಡುಗನಿಗೆ ಲೆಕ್ಕಕ್ಕಿಂತ ಆ ಹಣ್ಣು ಮಾಗಿದೆಯೇ ಎಂಬುದೇ ದೊಡ್ಡ ಚಿಂತೆ. ಕಾದಂಬರಿಯಲ್ಲಿ ಈ ಹಾಸ್ಯ ಹುಡುಗನ ಮನಸ್ಸಿನೊಳಗೆ ನಡೆಯುತ್ತದೆ. ಪರದೆಯ ಮೇಲೆ ಅದು ಬಾಲಕನ ಮುಖದಲ್ಲಿ ಕಾಣಬೇಕು, ತಂದೆಯ ಮೌನದಲ್ಲಿ ಕೇಳಬೇಕು. ಮಂಜುನಾಥ್ ಅವರ ಅಕೃತ್ರಿಮ ಮುಖಭಾವವೂ ಕಾರ್ನಾಡರ ಬಿಗಿಯಾದ ಗಾಂಭೀರ್ಯವೂ ಎದುರುಬದುರಾದಾಗ ನಿರೂಪಕನ ಕೆಲಸವನ್ನು ನಟರೇ ವಹಿಸಿಕೊಳ್ಳುತ್ತಾರೆ. ಸಣ್ಣ ಪರದೆಗೆ ಮುಖವೇ ದೊಡ್ಡ ಭೂದೃಶ್ಯವೆಂಬ ತಿಳಿವಳಿಕೆ ಇಲ್ಲಿ ಫಲಿಸಿದೆ.

‘ತಿಂಗಳಿಗೆ ನಲವತ್ತೈದು ರೂಪಾಯಿ’ ಕಥೆಯ ಮಾರ್ಗ ಬೇರೆ. ಮಗಳನ್ನು ಸಿನಿಮಾಕ್ಕೆ ಕರೆದೊಯ್ಯುವ ಮಾತು ಕೊಟ್ಟ ಗುಮಾಸ್ತ ವೆಂಕಟರಾವ್ ಕಚೇರಿಯಿಂದ ಬಿಡುಗಡೆ ಪಡೆಯಲಾರದೆ ರಾಜೀನಾಮೆ ಬರೆಯುತ್ತಾನೆ. ಸಂಬಳ ನಲವತ್ತರಿಂದ ನಲವತ್ತೈದಕ್ಕೆ ಏರಿದ ಸುದ್ದಿ ತಿಳಿದೊಡನೆ ಅದನ್ನು ಹರಿದುಹಾಕುತ್ತಾನೆ. ಮನೆ ಸೇರುವಾಗ ಮಗು ನಿದ್ದೆ ಹೋಗಿರುತ್ತದೆ. ಕಥೆಯಲ್ಲಿ ಮಗುವಿನ ಕಾಲ ಮತ್ತು ಕಚೇರಿಯ ಕಾಲ ಎಂಬ ಎರಡು ಕಾಲಗಳಿವೆ. ಒಂದು ಸಾಗುವುದೇ ಇಲ್ಲ, ಇನ್ನೊಂದು ಮುಗಿಯುವುದೇ ಇಲ್ಲ. ಈ ಪಾತ್ರಕ್ಕೆ ವಿಷ್ಣುವರ್ಧನ್ ಅವರನ್ನು ಆಯ್ದದ್ದು ಅರ್ಥಪೂರ್ಣ. ‘ನಾಗರಹಾವು’ (1972) ಚಿತ್ರದಿಂದ ಸಿಡಿದೇಳುವ ಯುವಕನೆಂದು ಹೆಸರಾಗಿದ್ದ ನಟ ಇಲ್ಲಿ ಸಿಡಿಯಲಾಗದ ಮನುಷ್ಯನಾಗುತ್ತಾನೆ. ಕನ್ನಡ ಪ್ರೇಕ್ಷಕನಿಗೆ ಈ ವೈದೃಶ್ಯ ಕಥೆಗೆ ಇನ್ನೊಂದು ಪದರವನ್ನು ಸೇರಿಸುತ್ತದೆ. ಇತರ ಭಾಷೆಯವರಿಗೆ ಅದು ದೊರೆಯುವುದಿಲ್ಲ. ಒಂದೇ ಕಂತು ಎರಡು ಬಗೆಯ ಪ್ರೇಕ್ಷಕರಿಗೆ ಎರಡು ಬಗೆಯಲ್ಲಿ ಅರ್ಥವಾಗುವುದು ಹೀಗೆ.

‘ಲೀಲಾಳ ಗೆಳೆಯ’ ಮತ್ತು ‘ತಲುಪದ ಅಂಚೆ’ ಕಥೆಗಳನ್ನು ಜೋಡಿಯಾಗಿ ನೋಡಬೇಕು. ಮೊದಲನೆಯದರಲ್ಲಿ ಐದು ವರ್ಷದ ಹುಡುಗಿಗೆ ಆಕಾಶದ ಚಂದ್ರನನ್ನೇ ಆಟದ ಸಂಗಾತಿಯಾಗಿಸಿಕೊಡುವ ಕೆಲಸದಾಳು ಸಿದ್ದ ಚಿನ್ನದ ಸರ ಕದ್ದ ಆರೋಪಕ್ಕೆ ಗುರಿಯಾಗುತ್ತಾನೆ. ಸರ ಹುಣಸೆಹಣ್ಣಿನ ಪಾತ್ರೆಯಲ್ಲಿ ಸಿಕ್ಕ ಮೇಲೂ ಯಜಮಾನನ ತೀರ್ಪು ಬದಲಾಗುವುದಿಲ್ಲ. ಎರಡನೆಯದರಲ್ಲಿ ಅಂಚೆಯವ ತಾನಪ್ಪ ಮದುವೆ ನಿಲ್ಲಬಾರದೆಂದು ಸಾವಿನ ಸುದ್ದಿಯ ಕಾಗದವನ್ನು ತಡೆಹಿಡಿಯುತ್ತಾನೆ. ಒಂದರಲ್ಲಿ ನಿರಪರಾಧಿಗೆ ನಂಬಿಕೆ ದಕ್ಕುವುದಿಲ್ಲ. ಇನ್ನೊಂದರಲ್ಲಿ ನಿಯಮ ಮುರಿದವನ ಮೇಲೆ ಯಾರೂ ದೂರು ಕೊಡುವುದಿಲ್ಲ. ಊರಿನೊಳಗಿನ ಮನುಷ್ಯಸಂಬಂಧ ಕಾನೂನಿಗಿಂತ ದಟ್ಟವೆಂಬುದನ್ನು ಎರಡನೆಯದು ಹೇಳಿದರೆ, ಆ ಸಂಬಂಧದ ವೃತ್ತದೊಳಗೆ ಎಲ್ಲರಿಗೂ ಪ್ರವೇಶವಿಲ್ಲವೆಂಬುದನ್ನು ಮೊದಲನೆಯದು ಹೇಳುತ್ತದೆ. ಇವೆರಡೂ ಸರಣಿಯೊಳಗೆ ಸೇರಿರುವುದರಿಂದ ಮಾಲ್ಗುಡಿಯನ್ನು ಬರಿಯ ಸೌಹಾರ್ದದ ಊರೆಂದು ಕರೆಯಲು ಬರುವುದಿಲ್ಲ.

7. ಭಾಷೆಯ ಪ್ರಶ್ನೆ

ನಾರಾಯಣ್ ಅವರ ಇಂಗ್ಲಿಷ್ ಒಂದು ತೆರೆ. ಅದರ ಹಿಂದೆ ಪಾತ್ರಗಳು ತಮಿಳನ್ನೋ ಕನ್ನಡವನ್ನೋ ಆಡುತ್ತಿವೆಯೆಂದು ಓದುಗ ಭಾವಿಸಿಕೊಳ್ಳುತ್ತಾನೆ. ‘ಒಂದು ಕುದುರೆ, ಎರಡು ಆಡುಗಳು’ ಕಥೆಯಲ್ಲಿ ಹಳ್ಳಿಯ ಮುದುಕ ಮುನಿ ತಮಿಳಿನಲ್ಲಿಯೂ ಅಮೆರಿಕದ ಪ್ರವಾಸಿ ಇಂಗ್ಲಿಷಿನಲ್ಲಿಯೂ ಮಾತನಾಡುತ್ತಾರೆ. ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯುವುದಿಲ್ಲ. ಓದುಗನಿಗೆ ಎರಡೂ ಇಂಗ್ಲಿಷಿನಲ್ಲೇ ದೊರೆಯುತ್ತವೆ. ಮುದ್ರಿತ ಪುಟದಲ್ಲಿ ಸಾಧ್ಯವಾಗುವ ಈ ಸೌಕರ್ಯ ಕಿವಿಯ ಮಾಧ್ಯಮದಲ್ಲಿ ಇಲ್ಲ. ಪರದೆಯ ಮೇಲೆ ಪ್ರತಿಯೊಂದು ಪಾತ್ರವೂ ಯಾವುದಾದರೊಂದು ನಿರ್ದಿಷ್ಟ ಭಾಷೆಯನ್ನು, ನಿರ್ದಿಷ್ಟ ಉಚ್ಚಾರದಲ್ಲಿ ಆಡಲೇಬೇಕು. ಇಂಗ್ಲಿಷಿನ ತೆರೆ ಸರಿದಾಗ ಅದರ ಹಿಂದಿನಿಂದ ದ್ರಾವಿಡ ಭಾಷೆಯೊಂದು ಕೇಳಿಬರಬೇಕಾಗಿದ್ದ ಕಡೆ ಹಿಂದಿ ಕೇಳಿಬಂತು.

ಇದನ್ನು ನಷ್ಟವೆಂದು ದಾಖಲಿಸದೆ ವಿಧಿಯಿಲ್ಲ. ಆಗುಂಬೆಯ ಜಗಲಿಯ ಮೇಲೆ ಕುಳಿತ ಅಜ್ಜಿ ಹಿಂದಿಯಲ್ಲಿ ಕಥೆ ಹೇಳುವಾಗ ನೆಲಕ್ಕೂ ನುಡಿಗೂ ನಡುವೆ ಬಿರುಕು ಬಿಡುತ್ತದೆ. ಆ ಬಿರುಕು ಕನ್ನಡದ ಪ್ರೇಕ್ಷಕನಿಗೆ ಹೆಚ್ಚು ಕಾಣುತ್ತದೆ. ರಾಷ್ಟ್ರೀಯ ಜಾಲ ಪ್ರಾದೇಶಿಕತೆಯನ್ನು ದೃಶ್ಯವಾಗಿ ಸ್ವಾಗತಿಸಿ ಧ್ವನಿಯಾಗಿ ಹೊರಗಿಟ್ಟಿತು. ಮನೆ, ಉಡುಪು, ಮಳೆ, ರಂಗೋಲಿ ಎಲ್ಲವೂ ದಕ್ಷಿಣದ್ದಾಗಿರಬಹುದು, ಮಾತು ಮಾತ್ರ ಆಗಬಾರದು ಎಂಬುದು ಆ ಕಾಲದ ಅಲಿಖಿತ ಒಪ್ಪಂದ. ಪ್ರಾದೇಶಿಕ ಸಂಸ್ಕೃತಿಗಳು ರಾಷ್ಟ್ರೀಯ ಮಾಧ್ಯಮದಲ್ಲಿ ಪಡೆದ ಸ್ಥಾನದ ಸ್ವರೂಪವನ್ನು ಅರಿಯಲು ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ದೊರೆಯುವುದು ಕಷ್ಟ.

ಆದರೆ ನಷ್ಟದ ಲೆಕ್ಕದಲ್ಲೇ ಚರ್ಚೆ ಮುಗಿಯುವುದಿಲ್ಲ. ಸರಣಿಯ ಹಿಂದಿ ರಾಜಧಾನಿಯ ಹಿಂದಿಯಲ್ಲ. ಕನ್ನಡ ರಂಗಭೂಮಿಯಲ್ಲಿ ಪಳಗಿದ ನಾಲಗೆಗಳು ಅದನ್ನು ಆಡುವಾಗ ಲಯ ಬೇರೆಯಾಗುತ್ತದೆ, ಮಾತಿನ ನಡುವಿನ ವಿರಾಮ ಬೇರೆಯಾಗುತ್ತದೆ. ಅಭಿನಯದ ಮಿತಭಾಷಿತ್ವವೂ ಮುಂಬಯಿ ಚಿತ್ರಗಳಿಗಿಂತ ಹವ್ಯಾಸಿ ರಂಗಭೂಮಿಗೆ ಹೆಚ್ಚು ಹತ್ತಿರ. ನುಡಿ ಕನ್ನಡವಲ್ಲದಿದ್ದರೂ ನುಡಿಯುವ ಬಗೆಯಲ್ಲಿ ಕನ್ನಡ ಉಳಿದಿದೆ. ಇಂಗ್ಲಿಷಿನೊಳಗೆ ತಮ್ಮ ನೆಲದ ಲಯವನ್ನು ತಂದ ನಾರಾಯಣ್ ಮಾಡಿದ ಕೆಲಸಕ್ಕೂ ಇದಕ್ಕೂ ಸಾಮ್ಯವಿದೆ. ಪರಭಾಷೆಯೊಂದನ್ನು ತಮ್ಮ ನಡಿಗೆಗೆ ಒಗ್ಗಿಸಿಕೊಂಡದ್ದು ಇಬ್ಬರಲ್ಲಿಯೂ ಸಮಾನ.

8. ಮಿತಿಗಳು ಮತ್ತು ಆಕ್ಷೇಪಗಳು

ಮಾಲ್ಗುಡಿಯ ಲೋಕವನ್ನು ಕುರಿತು ವಿ.ಎಸ್. ನೈಪಾಲ್ ‘ಇಂಡಿಯಾ: ಎ ವೂಂಡೆಡ್ ಸಿವಿಲೈಸೇಷನ್’ (1977) ಕೃತಿಯಲ್ಲಿ ಎತ್ತಿದ ಆಕ್ಷೇಪ ಪ್ರಸಿದ್ಧ. ‘ಮಿಸ್ಟರ್ ಸಂಪತ್’ ಮತ್ತು ‘ದಿ ವೆಂಡರ್ ಆಫ್ ಸ್ವೀಟ್ಸ್’ ಕಾದಂಬರಿಗಳಲ್ಲಿ ಬದುಕಿನ ಬಿಕ್ಕಟ್ಟಿನಿಂದ ಹಿಂದೆಗೆಯುವ ಮನೋಧರ್ಮವನ್ನು ಅವರು ಗುರುತಿಸಿದರು. ಈ ಆಕ್ಷೇಪ ಸರಣಿಗೆ ಇನ್ನಷ್ಟು ತಾಗುತ್ತದೆಯೇ ಎಂಬುದು ಪರಿಶೀಲನಾರ್ಹ. ಆಗುಂಬೆಯ ಹಸುರು, ವೈದ್ಯನಾಥನ್ ಅವರ ಇಂಪಾದ ರಾಗ, ಲಕ್ಷ್ಮಣ್ ಅವರ ಲಘು ರೇಖೆಗಳು ಕೂಡಿ ಕಥೆಗಳ ಸುತ್ತ ಒಂದು ಹಂಬಲದ ಮಂಜನ್ನು ಕವಿಸುತ್ತವೆ. 1930ರ ಆಗಸ್ಟ್ 15ರ ದಿನಾಂಕದೊಂದಿಗೆ ಕಾದಂಬರಿಯಲ್ಲಿ ಬರುವ ಅಸಹಕಾರದ ಗಲಭೆ ಇತಿಹಾಸದ ನಿರ್ದಿಷ್ಟ ಗಳಿಗೆ. ಪರದೆಯ ಮೇಲೆ ಎಲ್ಲ ಗಳಿಗೆಗಳೂ ‘ಆ ಕಾಲ’ ಎಂಬ ಒಂದೇ ಸವಿನೆನಪಿನೊಳಗೆ ಕರಗುವ ಅಪಾಯವಿದೆ.

‘ಮಿಠಾಯಿ ಮಾರುವವನು’ ಭಾಗ ಈ ಆಕ್ಷೇಪಕ್ಕೆ ಭಾಗಶಃ ಉತ್ತರ ನೀಡುತ್ತದೆ. ಗಾಂಧಿಯ ಅನುಯಾಯಿ ಜಗನ್ ಆದರ್ಶವಾದಿ. ಜೊತೆಗೆ ಲೆಕ್ಕಕ್ಕೆ ಸಿಗದ ಹಣವನ್ನು ಬೇರೆಯಾಗಿ ಎತ್ತಿಡುವ ವ್ಯಾಪಾರಿ. ಅಮೆರಿಕದಿಂದ ಕಥೆ ಬರೆಯುವ ಯಂತ್ರದ ಯೋಜನೆಯೊಂದಿಗೆ ಮರಳುವ ಮಗ ಮಾಲಿಯ ಮುಂದೆ ಅವನ ಆದರ್ಶ ಮೂಕವಾಗುತ್ತದೆ. ಅನಂತನಾಗ್ ಅವರ ಅಭಿನಯ ಜಗನ್‌ನನ್ನು ಸಂತನನ್ನಾಗಿಯೂ ಮಾಡುವುದಿಲ್ಲ, ಕಪಟಿಯನ್ನಾಗಿಯೂ ಮಾಡುವುದಿಲ್ಲ. ಕೊನೆಯಲ್ಲಿ ಚರಕದೊಂದಿಗೆ ಚೆಕ್‌ಪುಸ್ತಕವನ್ನೂ ಕೈಗೆತ್ತಿಕೊಂಡು ವಾನಪ್ರಸ್ಥಕ್ಕೆ ಹೊರಡುವ ಮುದುಕನ ಕಥೆಯನ್ನು ಬರಿಯ ವೈರಾಗ್ಯವೆಂದು ಓದಿದರೆ ಆ ಚೆಕ್‌ಪುಸ್ತಕವನ್ನು ಮರೆತಂತಾಗುತ್ತದೆ. ಹಿಂದೆಗೆಯುವಿ­ಕೆಯನ್ನು ನಾರಾಯಣ್ ಬೆಂಬಲಿಸುತ್ತಾರೆ ಎನ್ನುವುದಕ್ಕಿಂತ ಅದರೊಳಗಿನ ಹಾಸ್ಯವನ್ನು ಕಾಣುತ್ತಾರೆ ಎನ್ನುವುದು ಹೆಚ್ಚು ಸರಿ. ಸರಣಿಯೂ ಈ ಹಾಸ್ಯವನ್ನು ಕೈಬಿಡದೆ ಸಾಗಿದೆಡೆಗಳಲ್ಲಿ ಗೆದ್ದಿದೆ.

9. ಉಪಸಂಹಾರ

1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಸಮೀಪದ ಆನಗೋಡಿನ ಬಳಿ ನಡೆದ ರಸ್ತೆ ಅಪಘಾತದಲ್ಲಿ ಶಂಕರ್‌ನಾಗ್ ನಿಧನರಾದರು. ಆಗ ಅವರಿಗೆ ಮೂವತ್ತೈದು ವರ್ಷ. ಕನ್ನಡದ ಖಾಸಗಿ ವಾಹಿನಿಗಳು ಆರಂಭವಾಗುವ ನಾಲ್ಕು ವರ್ಷ ಮೊದಲೇ ಅವರು ತೀರಿಕೊಂಡದ್ದರಿಂದ, ಕನ್ನಡದಲ್ಲಿಯೇ ಕಿರುತೆರೆಗೆ ದೊಡ್ಡ ಕೃತಿಯನ್ನು ರೂಪಿಸುವ ಅವಕಾಶ ದೊರೆತಾಗ ಅದನ್ನು ಬಳಸಿಕೊಳ್ಳಲು ಅವರು ಇರಲಿಲ್ಲ. ರಂಗಭೂಮಿಯ ಕಡೆಯ ಅವರ ಕನಸು 2004ರಲ್ಲಿ ಅರುಂಧತಿ ನಾಗ್ ಅವರ ನೇತೃತ್ವದಲ್ಲಿ ಬೆಂಗಳೂರಿನ ‘ರಂಗಶಂಕರ’ವಾಗಿ ನಿಂತಿತು. ಕಿರುತೆರೆಯ ಕೆಲಸಕ್ಕೆ ಇನ್ನೊಂದು ಬಗೆಯ ಸ್ಮಾರಕ ದೊರೆಯಿತು. 2020ರಲ್ಲಿ ಅರಸಾಳಿನ ಹಳೆಯ ನಿಲ್ದಾಣ ಜಾನ್ ದೇವರಾಜ್ ಅವರ ಕೈಯಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯವಾಗಿ ರೂಪುಗೊಂಡಿತು. ಕಲ್ಪಿತ ಊರಿನ ಹೆಸರನ್ನು ನಿಜವಾದ ಊರು ಹೊತ್ತುಕೊಂಡ ಈ ಸಂಗತಿ ಗಮನಾರ್ಹ. ಲೇಖಕ ಭೂಪಟದಲ್ಲಿ ಎಲ್ಲಿಯೂ ಇಡದ ಊರನ್ನು ಕಿರುತೆರೆ ಕರ್ನಾಟಕದ ಭೂಪಟದಲ್ಲಿ ಇಟ್ಟಿತು.

ಈ ಪರಿಶೀಲನೆಯಿಂದ ಮೂರು ಅಂಶಗಳು ಸ್ಪಷ್ಟವಾಗುತ್ತವೆ. ಒಂದು, ಬಿಡಿಕಥೆಗಳನ್ನು ಊರೆಂಬ ಸೂತ್ರದಲ್ಲಿ ಪೋಣಿಸಿದ ರಚನೆಯಿಂದ ಈ ಸರಣಿ ಆ ಕಾಲದ ಕುಟುಂಬ ಧಾರಾವಾಹಿ ಮತ್ತು ಪುರಾಣ ಧಾರಾವಾಹಿಗಳಿಗಿಂತ ಭಿನ್ನವಾದ ಮಾದರಿಯನ್ನು ನೀಡಿತು. ಎರಡು, ಮಾಲ್ಗುಡಿಯನ್ನು ಮಲೆನಾಡಿಗೆ ತಂದ ನಿರ್ಧಾರ ಮೂಲದ ಪಟ್ಟಣಗುಣವನ್ನು ಕುಗ್ಗಿಸಿದರೂ ಕಥೆಗಳಿಗೆ ನಂಬಲರ್ಹವಾದ ನೆಲವನ್ನು ಒದಗಿಸಿತು. ಮೂರು, ಭಾಷೆಯೊಂದನ್ನೇ ಮಾನದಂಡವಾಗಿಸಿಕೊಂಡ ಸಾಂಸ್ಕೃತಿಕ ಚರಿತ್ರೆಯಲ್ಲಿ ಇಂತಹ ಕೃತಿಗಳಿಗೆ ಸ್ಥಾನವಿಲ್ಲದಂತಾಗುತ್ತದೆ. ಇಂಗ್ಲಿಷಿನಲ್ಲಿ ಬರೆದದ್ದೆಂದು ನಾರಾಯಣ್ ಕನ್ನಡ ವಿಭಾಗದ ಹೊರಗೆ, ಹಿಂದಿಯಲ್ಲಿ ಪ್ರಸಾರವಾಯಿತೆಂದು ‘ಮಾಲ್ಗುಡಿ ಡೇಸ್’ ಕನ್ನಡ ಮಾಧ್ಯಮ ಚರಿತ್ರೆಯ ಹೊರಗೆ ಉಳಿದರೆ ನಷ್ಟ ಕನ್ನಡದ್ದೇ. ಕನ್ನಡವನ್ನು ನುಡಿಯಾಗಿ ಮಾತ್ರವಲ್ಲದೆ ನೆಲವಾಗಿ, ಅಭಿನಯದ ಪರಂಪರೆಯಾಗಿ, ದುಡಿಮೆಯ ಕೂಟವಾಗಿ ಗ್ರಹಿಸುವ ಅಧ್ಯಯನ ಕ್ರಮ ಬೆಳೆದಾಗ ಕಿರುತೆರೆಯ ಈ ಅಧ್ಯಾಯಕ್ಕೆ ಸಲ್ಲಬೇಕಾದ ಸ್ಥಾನ ಸಲ್ಲುತ್ತದೆ. ಪ್ರಸಾರದೊಂದಿಗೆ ಮುಗಿದುಹೋಗುವ ಮಾಧ್ಯಮದ ಪಠ್ಯಗಳನ್ನು ಸಂಗ್ರಹಿಸಿ, ಮೂಲಕೃತಿಗಳ ಪಕ್ಕದಲ್ಲಿಟ್ಟು ಬೋಧಿಸುವುದು ಆ ದಿಕ್ಕಿನ ಮೊದಲ ಕೆಲಸ.